ಟ್ಯಾಂಕರಿನ ಬೆನ್ನ ಮೇಲಿನ ಗುಣವಾಚಕ



ಭಾಷೆಯ ಬಳಕೆಯ ಬಗ್ಗೆ ವರ್ಷಕ್ಕೊಂದು ಉಪನ್ಯಾಸ ನಡೆಯಬೇಕು, ಅದು ಪಂಡಿತರಿಗಷ್ಟೇ ಅಲ್ಲದೆ ಊರಿನ ಜನಕ್ಕೂ ತಿಳಿಯುವಂತಿರಬೇಕು ಎಂಬುದು ಈ ಉಪನ್ಯಾಸಕ್ಕೆ ದತ್ತಿ ಇಟ್ಟವರ ಇಚ್ಛೆ. ಅದಕ್ಕೆ ತಕ್ಕಂತೆ ದೊಡ್ಡ ಸಿದ್ಧಾಂತಗಳನ್ನು ಬದಿಗಿಟ್ಟು ಒಂದೇ ಒಂದು ಇಂಗ್ಲಿಷ್ ಗುಣವಾಚಕವನ್ನು ಇವತ್ತಿನ ವಿಷಯವಾಗಿ ಆರಿಸಿಕೊಂಡಿದ್ದೇನೆ.

ಆ ಪದ ಇನ್‌ಫ್ಲ್ಯಾಮಬಲ್. ಪೆಟ್ರೋಲ್ ಟ್ಯಾಂಕರಿನ ಹಿಂಬದಿಯಲ್ಲಿ, ಗೋದಾಮಿನ ಬಾಗಿಲ ಮೇಲೆ, ಪೇಂಟಿಗೆ ಬೆರೆಸುವ ಥಿನ್ನರಿನ ಡಬ್ಬಿಯ ಮೇಲೆ ನೀವೆಲ್ಲ ಇದನ್ನು ನೋಡಿದ್ದೀರಿ. ಸುಲಭವಾಗಿ ಬೆಂಕಿ ಹತ್ತಿಕೊಳ್ಳುವಂಥದ್ದು ಎಂಬುದು ಇದರ ಅರ್ಥ. ಇದರ ಪಕ್ಕದಲ್ಲೇ ಫ್ಲ್ಯಾಮಬಲ್ ಎಂಬ ಇನ್ನೊಂದು ಪದವಿದೆ. ಸುಲಭವಾಗಿ ಬೆಂಕಿ ಹತ್ತಿಕೊಳ್ಳುವಂಥದ್ದು ಎಂಬುದೇ ಅದರ ಅರ್ಥವೂ ಹೌದು. ನೋಟಕ್ಕೆ ಒಂದು ಇನ್ನೊಂದರ ನಿಷೇಧರೂಪದಂತಿದ್ದರೂ ಎರಡೂ ಹೇಳುವುದು ಒಂದನ್ನೇ. ವಿಸಿಬಲ್ ಎಂದರೆ ಕಾಣುವಂಥದ್ದು, ಇನ್‌ವಿಸಿಬಲ್ ಎಂದರೆ ಕಾಣದ್ದು. ಕ್ಯೂರಬಲ್ ಎಂದರೆ ವಾಸಿಯಾಗುವಂಥದ್ದು, ಇನ್‌ಕ್ಯೂರಬಲ್ ಎಂದರೆ ವಾಸಿಯಾಗದ್ದು. ಇಷ್ಟನ್ನು ಶಾಲೆಯಲ್ಲಿ ಕಲಿತ ಹುಡುಗಿಯೊಬ್ಬಳು ಇನ್‌ಫ್ಲ್ಯಾಮಬಲ್ ಎಂದರೆ ಬೆಂಕಿ ಹತ್ತದ್ದು ಎಂದು ತಿಳಿದರೆ ಅವಳ ತರ್ಕದಲ್ಲಿ ಒಂದು ಕೂದಲಿನಷ್ಟೂ ದೋಷವಿಲ್ಲ. ತಪ್ಪಿರುವುದು ಉತ್ತರ ಮಾತ್ರ.

ಗೊಂದಲ ಹುಟ್ಟಿಸುವ ಗುಣವಾಚಕಗಳಿಗೆ ಇಂಗ್ಲಿಷಿನಲ್ಲಿ ಬರವಿಲ್ಲ. ಹಿಸ್ಟಾರಿಕ್ ಮತ್ತು ಹಿಸ್ಟಾರಿಕಲ್, ಎಕನಾಮಿಕ್ ಮತ್ತು ಎಕನಾಮಿಕಲ್ ಇವುಗಳ ನಡುವೆ ಎಡವದವರು ಕಡಿಮೆ. ಆದರೆ ಅಲ್ಲಿ ಎಡವಿದರೆ ಹೆಚ್ಚೆಂದರೆ ಪರೀಕ್ಷೆಯಲ್ಲಿ ಒಂದು ಅಂಕ ಹೋದೀತು, ಸಂಪಾದಕರು ಕೆಂಪು ಗೆರೆ ಎಳೆದಾರು. ಇನ್‌ಫ್ಲ್ಯಾಮಬಲ್ ಎಂಬಲ್ಲಿ ಎಡವಿದರೆ ಮೈ ಸುಡುತ್ತದೆ. ಹಾಗಾಗಿಯೇ ಭಾಷೆಯ ಬಗ್ಗೆ ಕೇಳಬಹುದಾದ ಒಂದು ಗಟ್ಟಿ ಪ್ರಶ್ನೆಯನ್ನು ಈ ಪದ ನಮ್ಮ ಮುಂದಿಡುತ್ತದೆ: ಓದುಗ ಪದವನ್ನು ತಪ್ಪಾಗಿ ತಿಳಿದಾಗ ತಿದ್ದಬೇಕಾದದ್ದು ಓದುಗನನ್ನೋ, ಪದವನ್ನೋ?

ಎರಡು ಉಪಸರ್ಗ, ಒಂದೇ ವೇಷ

ಗೊಂದಲದ ಬೇರು ಲ್ಯಾಟಿನ್ನಿನಲ್ಲಿದೆ. ಅಲ್ಲಿ ಫ್ಲಾಮ ಎಂದರೆ ಜ್ವಾಲೆ. ಇನ್‌ಫ್ಲಾಮಾರೆ ಎಂದರೆ ಉರಿ ಹೊತ್ತಿಸು. ಈ ಕ್ರಿಯಾಪದದ ತಲೆಯಲ್ಲಿರುವ ಇನ್ ಎಂಬುದಕ್ಕೆ ಒಳಗೆ, ಒಳಕ್ಕೆ ಎಂಬರ್ಥ. ಉಸಿರನ್ನು ಒಳಕ್ಕೆಳೆಯುವ ಇನ್‌ಹೇಲ್, ಗಾಳಿ ತುಂಬುವ ಇನ್‌ಫ್ಲೇಟ್, ಕಲ್ಲಿನಲ್ಲಿ ಕೊರೆಯುವ ಇನ್‌ಸ್ಕ್ರೈಬ್ ಇವುಗಳಲ್ಲಿರುವುದೂ ಅದೇ. ಲ್ಯಾಟಿನ್ನಿನಲ್ಲಿ ಇನ್ನೊಂದು ಇನ್ ಇದೆ, ಅದು ನಿಷೇಧದ್ದು. ಸಂಸ್ಕೃತದ ಅ ಮತ್ತು ಅನ್, ಇಂಗ್ಲಿಷಿನ ಸ್ವಂತದ ಅನ್, ಈ ನಿಷೇಧದ ಇನ್ ಇವೆಲ್ಲ ಒಂದೇ ಮೂಲದಿಂದ ಕವಲೊಡೆದವು. ಅವಳಿಗಳೆಂಬಂತೆ ಕಾಣುವ ಈ ಎರಡು ಇನ್‌ಗಳಿಗೆ ರಕ್ತಸಂಬಂಧವೇನೂ ಇಲ್ಲ. ಉಚ್ಚಾರ ಒಂದು, ಬರಹ ಒಂದು, ಕೆಲಸ ಬೇರೆ.

ಇವೆರಡೂ ಒಂದೇ ಜಾಗಕ್ಕೆ ಬಂದು ಜಗಳವಾಡಿದ್ದಕ್ಕೆ ಇನ್‌ಹ್ಯಾಬಿಟಬಲ್ ಎಂಬ ಪದವೂ ಸಾಕ್ಷಿ. ಇವತ್ತಿನ ಇಂಗ್ಲಿಷಿನಲ್ಲಿ ಅದಕ್ಕೆ ವಾಸಯೋಗ್ಯ ಎಂಬರ್ಥ. ಷೇಕ್ಸ್‌ಪಿಯರನ ಕಾಲದ ಇಂಗ್ಲಿಷಿನಲ್ಲಿ ವಾಸಕ್ಕೆ ಬಾರದ್ದು ಎಂಬರ್ಥದಲ್ಲೂ ಅದು ಓಡಾಡುತ್ತಿತ್ತು. ಫ್ರೆಂಚಿನಲ್ಲಿ ಅದೇ ಕಾಗುಣಿತದ ಪದಕ್ಕೆ ಈಗಲೂ ವಾಸಕ್ಕೆ ಬಾರದ್ದು ಎಂದೇ ಅರ್ಥ. ಆದರೆ ಇನ್‌ಫ್ಲ್ಯಾಮಬಲ್ ವಿಷಯದಲ್ಲಿ ಫ್ರೆಂಚರು ಇಂಗ್ಲಿಷರ ಜೊತೆಗೇ ಇದ್ದಾರೆ: ಅದೇ ಕಾಗುಣಿತ, ಅದೇ ಬೆಂಕಿ ಹತ್ತುವ ಅರ್ಥ. ಹತ್ತದ್ದನ್ನು ಹೇಳಬೇಕಾದಾಗ ಅವರು ಮುಂದೆ ಇನ್ನೊಂದು ಇನ್ ಸೇರಿಸಿ ಇನ್-ಇನ್ ಎಂದು ಶುರುಮಾಡುತ್ತಾರೆ. ಒಂದೇ ಪದದಲ್ಲಿ ಎರಡೂ ಇನ್‌ಗಳು ಸಾಲಾಗಿ ನಿಂತಿರುವುದನ್ನು ಅಲ್ಲಿ ಕಾಣಬಹುದು.

ನಮಗೆ ಇದು ತೀರ ಅಪರಿಚಿತವೇನೂ ಅಲ್ಲ. ಕನ್ನಡಕ್ಕೆ ಸಂಸ್ಕೃತದಿಂದ ಬಂದ ವಿ ಎಂಬ ಉಪಸರ್ಗವನ್ನು ನೋಡಿ. ವಿಫಲ ಎಂದರೆ ಫಲವಿಲ್ಲದ್ದು, ವಿರೂಪ ಎಂದರೆ ರೂಪಗೆಟ್ಟದ್ದು. ಹಾಗಂತ ವಿಶುದ್ಧ ಎಂದರೆ ಅಶುದ್ಧವಲ್ಲ, ಬಹಳ ಶುದ್ಧ; ವಿಖ್ಯಾತ ಎಂದರೆ ಖ್ಯಾತಿ ಕಳೆದುಕೊಂಡವನಲ್ಲ, ಹೆಚ್ಚು ಖ್ಯಾತಿ ಪಡೆದವನು. ಒಂದೇ ಅಕ್ಷರ ಒಂದು ಕಡೆ ಕಳೆಯುತ್ತದೆ, ಇನ್ನೊಂದು ಕಡೆ ಕೂಡುತ್ತದೆ. ಆದರೂ ವಿಶುದ್ಧ ಎಂಬುದನ್ನು ಯಾರೂ ಉಲ್ಟಾ ತಿಳಿಯುವುದಿಲ್ಲ. ಯಾಕೆಂದರೆ ಈ ಪದಗಳನ್ನು ನಾವು ಬಿಡಿಸಿ ಕಲಿತಿಲ್ಲ, ಇಡಿಯಾಗಿ ಕೇಳಿ ಕಲಿತಿದ್ದೇವೆ. ಪದ ದಿನಬಳಕೆಯದಾಗಿದ್ದರೆ ಅದರ ಒಳರಚನೆ ಯಾರಿಗೂ ತೊಂದರೆ ಕೊಡದು. ಅಪರೂಪಕ್ಕೆ ಎದುರಾದ ಪದವನ್ನೇ ಜನ ಬಿಡಿಸಿ ಓದುವುದು. ಹಾಗೆ ಬಿಡಿಸುವಾಗ ತಮಗೆ ಗೊತ್ತಿರುವ ನಿಯಮವನ್ನೇ ಹಚ್ಚುತ್ತಾರೆ. ಏಬಲ್ ಎಂದು ಮುಗಿದು ಇನ್ ಎಂದು ಶುರುವಾಗುವ ಇಂಗ್ಲಿಷ್ ಗುಣವಾಚಕಗಳಲ್ಲಿ ಬಹುಪಾಲು ನಿಷೇಧದವೇ. ಹಾಗಿರುವಾಗ ಇನ್‌ಫ್ಲ್ಯಾಮಬಲ್ ಎಂಬುದನ್ನು ತಪ್ಪಾಗಿ ಓದಿದವನು ಬಹುಮತದ ನಿಯಮವನ್ನೇ ಪಾಲಿಸಿದ್ದಾನೆ.

ಗೊಂದಲವಿಲ್ಲದ ಕಾಲ

ಹದಿನೇಳನೆಯ ಶತಮಾನದಿಂದ ಇಂಗ್ಲಿಷಿನಲ್ಲಿರುವ ಈ ಪದ ಬಹುಕಾಲ ಯಾರಿಗೂ ತೊಡಕಾಗಲಿಲ್ಲ. 1766ರಲ್ಲಿ ಇಂಗ್ಲೆಂಡಿನ ವಿಜ್ಞಾನಿ ಹೆನ್ರಿ ಕ್ಯಾವೆಂಡಿಶ್ ಆಮ್ಲಗಳು ಲೋಹಗಳ ಮೇಲೆ ವರ್ತಿಸಿದಾಗ ಹೊರಬರುವ ಅನಿಲವನ್ನು ಕೂಡಿಟ್ಟು ಅದರ ಗುಣಗಳನ್ನು ಪ್ರಬಂಧವೊಂದರಲ್ಲಿ ವಿವರಿಸಿದರು. ಅದಕ್ಕೆ ಅವರು ಬಳಸಿದ ಹೆಸರು ಇನ್‌ಫ್ಲ್ಯಾಮಬಲ್ ಏರ್, ಅಂದರೆ ಹೊತ್ತಿಕೊಳ್ಳುವ ಗಾಳಿ. ಮುಂದೆ ಫ್ರೆಂಚ್ ರಸಾಯನಶಾಸ್ತ್ರಜ್ಞ ಲವಾಸಿಯೇ ಅದನ್ನೇ ಹೈಡ್ರೋಜನ್ ಎಂದು ಕರೆದರು. ರಾಯಲ್ ಸೊಸೈಟಿಯಲ್ಲಿ ಆ ಪ್ರಬಂಧವನ್ನು ಕೇಳಿದವರು, ಓದಿದವರು ಎಲ್ಲರೂ ಚಿಕ್ಕಂದಿನಲ್ಲೇ ಲ್ಯಾಟಿನ್ ಕಲಿತವರು. ಹೊತ್ತಿಕೊಳ್ಳುವ ಗಾಳಿಯನ್ನು ಹೊತ್ತದ ಗಾಳಿ ಎಂದು ಅವರು ತಿಳಿಯುವ ಸಂಭವವೇ ಇರಲಿಲ್ಲ. 1813ರಲ್ಲಿ ರೋಮನ್ ಕವಿ ಲುಕ್ರೀಷಿಯಸನ ಇಂಗ್ಲಿಷ್ ಅನುವಾದವೊಂದರಲ್ಲಿ ಫ್ಲ್ಯಾಮಬಲ್ ಎಂಬ ಮೊಟಕು ರೂಪ ಕಾಣಿಸಿಕೊಂಡಿತು. ಅದರ ಅಗತ್ಯ ಯಾರಿಗೂ ಇರಲಿಲ್ಲವಾಗಿ ಅದು ನೂರು ವರ್ಷ ಮೂಲೆಯಲ್ಲಿ ಬಿದ್ದಿತ್ತು.

ಆಮೇಲೆ ಬದಲಾದದ್ದು ಪದದ ಓದುಗರು. ಹತ್ತೊಂಬತ್ತನೆಯ ಶತಮಾನದ ಕೊನೆಯ ಹೊತ್ತಿಗೆ ಸೀಮೆಎಣ್ಣೆ ಮನೆಮನೆಗೆ ಬಂತು, ಕಾರಿನೊಂದಿಗೆ ಪೆಟ್ರೋಲ್ ಬೀದಿಗೆ ಬಂತು, ಕಾರ್ಖಾನೆಗಳಲ್ಲಿ ದ್ರಾವಕಗಳ ಪೀಪಾಯಿಗಳು ಸಾಲುಗಟ್ಟಿದವು. ಆ ಪೀಪಾಯಿಗಳನ್ನು ಉರುಳಿಸುವ ಕೂಲಿಯವನು ಲ್ಯಾಟಿನ್ ಓದಿದವನಲ್ಲ. ಅಮೆರಿಕದಲ್ಲಾದರೆ ಅವನು ಪೋಲೆಂಡಿನಿಂದಲೋ ಇಟಲಿಯಿಂದಲೋ ಹಡಗು ಹತ್ತಿ ಬಂದು ಇಂಗ್ಲಿಷನ್ನು ಕೆಲಸದ ಜಾಗದಲ್ಲೇ ಕಲಿತವನು. ವಿದ್ವತ್ ಪತ್ರಿಕೆಯಲ್ಲಿ ಹಾಯಾಗಿ ಕೂತಿದ್ದ ಪದ ಪೀಪಾಯಿಯ ಮೈಮೇಲೆ ಬಂದು ಕೂತಿತು.

ವಿಮಾ ಕಂಪನಿಯ ಭಾಷಾಶಾಸ್ತ್ರ

ಈ ಅಪಾಯವನ್ನು ಗುರುತಿಸಿ ಕೈಹಾಕಿದವರು ವ್ಯಾಕರಣಕಾರರಲ್ಲ, ಬೆಂಕಿಯ ನಷ್ಟವನ್ನು ಕಟ್ಟಿಕೊಡಬೇಕಾಗಿದ್ದವರು ಮತ್ತು ಬೆಂಕಿಯನ್ನು ತಡೆಯುವುದೇ ಕೆಲಸವಾಗಿದ್ದವರು. ಅಮೆರಿಕದ ನ್ಯಾಷನಲ್ ಫೈರ್ ಪ್ರೊಟೆಕ್ಷನ್ ಅಸೋಸಿಯೇಷನ್ 1896ರಲ್ಲಿ ಹುಟ್ಟಿದ ಸಂಸ್ಥೆ. 1920ರ ದಶಕದಲ್ಲಿ ಅದು ಇನ್‌ಫ್ಲ್ಯಾಮಬಲ್ ಬಿಟ್ಟು ಫ್ಲ್ಯಾಮಬಲ್ ಬಳಸಿ ಎಂದು ಒತ್ತಾಯಿಸತೊಡಗಿತು. ಮೂಲೆಯಲ್ಲಿ ಬಿದ್ದಿದ್ದ ಮೊಟಕು ಪದ ಹೀಗೆ ಕೆಲಸಕ್ಕೆ ಬಂತು.

ಇದೇ ಕಾಲದಲ್ಲಿ ಅಮೆರಿಕದ ಹಾರ್ಟ್‌ಫರ್ಡ್ ನಗರದ ಅಗ್ನಿವಿಮಾ ಕಂಪನಿಯೊಂದರಲ್ಲಿ ಬೆಂಜಮಿನ್ ಲೀ ವೋರ್ಫ್ ಎಂಬವರು ಕೆಲಸದಲ್ಲಿದ್ದರು. ಓದಿದ್ದು ಕೆಮಿಕಲ್ ಎಂಜಿನಿಯರಿಂಗ್. ಭಾಷಾಶಾಸ್ತ್ರದ ವಿದ್ಯಾರ್ಥಿಗಳಿಗೆ ಅವರ ಹೆಸರು ಬೇರೆ ಕಾರಣಕ್ಕೆ ಗೊತ್ತು. ನಾವಾಡುವ ಭಾಷೆ ನಮ್ಮ ಯೋಚನೆಯನ್ನು ತಿದ್ದಿ ರೂಪಿಸುತ್ತದೆ ಎಂಬ ವಾದ ಭಾಷಾಶಾಸ್ತ್ರಜ್ಞ ಸಪೀರ್ ಮತ್ತು ವೋರ್ಫ್ ಇಬ್ಬರ ಹೆಸರಿನಲ್ಲೂ ಪ್ರಸಿದ್ಧವಾಗಿದೆ. ಆ ವಾದದ ಒಂದು ಬೇರು ವೋರ್ಫ್ ವಿಮಾ ಕಚೇರಿಯಲ್ಲಿ ಓದಿದ ಬೆಂಕಿ ಅನಾಹುತದ ವರದಿಗಳಲ್ಲಿದೆ. ವೈರಿಂಗ್ ಹೇಗಿತ್ತು, ಗಾಳಿಯಾಡಲು ಜಾಗವಿತ್ತೇ ಎಂದು ನೋಡುತ್ತ ಹೋದ ಅವರಿಗೆ, ಜನ ಆ ವಸ್ತುವನ್ನು ಯಾವ ಹೆಸರಿನಿಂದ ಕರೆಯುತ್ತಿದ್ದರು ಎಂಬುದೂ ಬೆಂಕಿಗೆ ಒಂದು ಕಾರಣವೆಂದು ಕಂಡಿತು.

1941ರಲ್ಲಿ ಅಚ್ಚಾದ ಅವರ ಪ್ರಬಂಧದಲ್ಲಿ ಖಾಲಿ ಪೀಪಾಯಿಗಳ ಮಾತು ಬರುತ್ತದೆ. ಪೆಟ್ರೋಲ್ ತುಂಬಿದ ಪೀಪಾಯಿಗಳ ಹತ್ತಿರ ಕೆಲಸಗಾರರು ಹುಷಾರಾಗಿರುತ್ತಾರೆ. ಖಾಲಿ ಎಂದು ಹೆಸರಿಟ್ಟ ಪೀಪಾಯಿಗಳ ಹತ್ತಿರ ಸಿಗರೇಟು ಸೇದುತ್ತಾರೆ, ಉರಿಯುವ ತುಂಡನ್ನು ಅಲ್ಲೇ ಎಸೆಯುತ್ತಾರೆ. ಖಾಲಿ ಎಂಬ ಪದ ಅವರಿಗೆ ಏನೂ ಇಲ್ಲ, ಏನೂ ಆಗದು ಎಂದು ಹೇಳಿರುತ್ತದೆ. ನಿಜದಲ್ಲಿ ಆ ಪೀಪಾಯಿಯ ತುಂಬ ಪೆಟ್ರೋಲಿನ ಆವಿ ಇರುತ್ತದೆ. ಇನ್ನೊಂದು ಉದಾಹರಣೆ ಸುಣ್ಣಕಲ್ಲಿನದು. ಮರವನ್ನು ಬಟ್ಟಿಯಿಳಿಸುವ ಕಾರ್ಖಾನೆಯಲ್ಲಿ ಪಾತ್ರೆಗಳಿಗೆ ಸುಣ್ಣಕಲ್ಲಿನಿಂದ ತಯಾರಿಸಿದ ಹೊದಿಕೆ ಹಾಕಿದ್ದರು. ಕಲ್ಲು ಎಂದ ಮೇಲೆ ಉರಿಯುವುದುಂಟೇ? ಹೊದಿಕೆಯನ್ನು ಶಾಖದಿಂದ ಕಾಪಾಡುವ ಏರ್ಪಾಡನ್ನೇ ಮಾಡಿರಲಿಲ್ಲ. ಕೆಳಗಿನ ಬೆಂಕಿ ತಗುಲಿದಾಗ ಆ ಕಲ್ಲು ಧಗಧಗ ಉರಿಯಿತು. ಪಾತ್ರೆಗಳಿಂದ ಬರುತ್ತಿದ್ದ ಅಸೆಟಿಕ್ ಆಮ್ಲದ ಹಬೆ ಸುಣ್ಣಕಲ್ಲಿನ ಒಂದಿಷ್ಟು ಭಾಗವನ್ನು ಕ್ಯಾಲ್ಸಿಯಂ ಅಸಿಟೇಟ್ ಆಗಿ ಮಾರ್ಪಡಿಸಿತ್ತು. ಅದು ಕಾದಾಗ ಹೊತ್ತಿಕೊಳ್ಳುವ ಅಸಿಟೋನ್ ಹೊರಟಿತ್ತು.

ವೋರ್ಫ್ ತೋರಿಸಿದ್ದು ಇಷ್ಟು: ಬೆಂಕಿಯ ಪಕ್ಕದಲ್ಲಿ ನಿಂತವನು ವಸ್ತುವಿನೊಂದಿಗೆ ವ್ಯವಹರಿಸುವ ಮೊದಲು ಅದರ ಹೆಸರಿನೊಂದಿಗೆ ವ್ಯವಹರಿಸುತ್ತಾನೆ. ಖಾಲಿ, ಕಲ್ಲು ಎಂಬ ಸರಳ ಪದಗಳೇ ಇಷ್ಟು ಮೋಸ ಮಾಡಬಲ್ಲವಾದರೆ ತನ್ನ ರಚನೆಯಲ್ಲೇ ಉಲ್ಟಾ ಅರ್ಥ ಹೊತ್ತ ಪದ ಏನು ಮಾಡೀತು ಎಂದು ಬಿಡಿಸಿ ಹೇಳಬೇಕಿಲ್ಲ.

ಒಂದು ಗುಣವಾಚಕ ಹೆತ್ತ ಸೆನ್ಸಾರ್

ಕಾನೂನಿನ ಪುಸ್ತಕಕ್ಕೆ ಹೋದ ಇನ್‌ಫ್ಲ್ಯಾಮಬಲ್ ಪದದ ಕತೆ ಇನ್ನೂ ಸ್ವಾರಸ್ಯದ್ದು. ಸಿನಿಮಾದ ಮೊದಲ ದಶಕಗಳಲ್ಲಿ ಫಿಲ್ಮನ್ನು ಸೆಲ್ಯುಲೋಸ್ ನೈಟ್ರೇಟಿನಿಂದ ಮಾಡುತ್ತಿದ್ದರು. ಅದು ಹೊತ್ತಿಕೊಂಡರೆ ಆರಿಸುವುದು ಬಲು ಕಷ್ಟ. ಉರಿಯಲು ಬೇಕಾದ ಆಮ್ಲಜನಕವನ್ನು ತನ್ನೊಳಗೇ ಹೊತ್ತಿರುವುದರಿಂದ ನೀರಿನೊಳಗೂ ಉರಿಯುತ್ತದೆ. ಪ್ರೊಜೆಕ್ಟರಿನ ದೀಪವೂ ಅಪಾಯದ್ದೇ. 1897ರ ಮೇ ತಿಂಗಳಲ್ಲಿ ಪ್ಯಾರಿಸ್ಸಿನ ದಾನಸಂತೆಯೊಂದರಲ್ಲಿ ಪ್ರೊಜೆಕ್ಟರ್ ದೀಪದ ಈಥರ್ ಆವಿಗೆ ಕಿಡಿ ತಗುಲಿ 126 ಮಂದಿ ಸತ್ತರು.

ಬ್ರಿಟನ್ನಿನ ಸಂಸತ್ತು 1909ರಲ್ಲಿ ಸಿನೆಮಟೋಗ್ರಾಫ್ ಕಾಯಿದೆ ಮಾಡಿತು. ಇನ್‌ಫ್ಲ್ಯಾಮಬಲ್ ಫಿಲ್ಮ್ ಬಳಸುವ ಪ್ರದರ್ಶನಗಳಿಗೆ ಸ್ಥಳೀಯ ಆಡಳಿತದ ಲೈಸೆನ್ಸ್ ಬೇಕು ಎಂಬುದು ಅದರ ತಿರುಳು. ಉದ್ದೇಶ ಸುರಕ್ಷತೆ ಮಾತ್ರ. ಲೈಸೆನ್ಸ್ ಕೊಡುವ ಅಧಿಕಾರ ಕೈಗೆ ಬಂದದ್ದೇ ತಡ, ಲಂಡನ್ನಿನ ಕೌಂಟಿ ಕೌನ್ಸಿಲ್ ಭಾನುವಾರ ಚಿತ್ರ ತೋರಿಸಬಾರದು ಎಂಬ ಷರತ್ತು ಸೇರಿಸಿತು. ಭಾನುವಾರಕ್ಕೂ ಬೆಂಕಿಗೂ ಏನು ಸಂಬಂಧ ಎಂದು ಚಿತ್ರಮಂದಿರದವರು ಕೇಳಿದರು. 1911ರಲ್ಲಿ ನ್ಯಾಯಾಲಯ ಷರತ್ತು ಸುರಕ್ಷತೆಗೆ ಸಂಬಂಧಿಸಿಯೇ ಇರಬೇಕೆಂದಿಲ್ಲ ಎಂದು ಕೌನ್ಸಿಲ್ಲಿನ ಪರ ತೀರ್ಪು ಕೊಟ್ಟಿತು. ಆ ಬಾಗಿಲಿನಿಂದ ಚಿತ್ರದೊಳಗಿನ ವಿಷಯದ ಮೇಲಿನ ನಿಯಂತ್ರಣವೂ ಒಳಬರಬಹುದೆಂದು ಕಂಡ ಚಿತ್ರೋದ್ಯಮ 1912ರಲ್ಲಿ ತನ್ನದೇ ಸೆನ್ಸಾರ್ ಮಂಡಳಿ ಕಟ್ಟಿಕೊಂಡಿತು.

ಇದಕ್ಕೊಂದು ತಿರುವು ಇದೆ. 1923ರಲ್ಲಿ ಬಂದ 16 ಮಿಲಿಮೀಟರಿನ ಫಿಲ್ಮ್ ಬೇಗ ಹೊತ್ತಿಕೊಳ್ಳದ ಅಸಿಟೇಟಿನದು. ಕಾಯಿದೆಯ ಗುಣವಾಚಕ ಅದಕ್ಕೆ ಒಪ್ಪುತ್ತಿರಲಿಲ್ಲ. 1930ರ ದಶಕದಲ್ಲಿ ಬ್ರಿಟನ್ನಿನ ಕಾರ್ಮಿಕರ ಚಿತ್ರಸಂಘಗಳು ಸೆನ್ಸಾರ್ ತಡೆದಿದ್ದ ಸೋವಿಯತ್ ಚಿತ್ರಗಳನ್ನು ಇದೇ ಸಂದಿಯಲ್ಲಿ ನುಸುಳಿ ಗಣಿ ಊರುಗಳ ಸಭಾಂಗಣಗಳಲ್ಲಿ ತೋರಿಸಿದವು. ಪೊಲೀಸರು ಮೊಕದ್ದಮೆ ಹೂಡಿದಾಗ ಕೋರ್ಟಿನಲ್ಲಿ ಚರ್ಚೆಯಾದದ್ದು ಚಿತ್ರದ ರಾಜಕೀಯವಲ್ಲ, ಆ ಫಿಲ್ಮು ಇನ್‌ಫ್ಲ್ಯಾಮಬಲ್ ಹೌದೋ ಅಲ್ಲವೋ ಎಂಬುದು. ಒಂದು ಗುಣವಾಚಕದ ಅರ್ಥದ ಮೇಲೆ ಜನ ಏನು ನೋಡಬಹುದು ಎಂಬುದು ತೀರ್ಮಾನವಾಗುತ್ತಿತ್ತು.

ಭಾರತದಲ್ಲೂ ಸಿನಿಮಾ ಕಾಯಿದೆ 1918ರಲ್ಲೇ ಬಂತು. ಸ್ವಾತಂತ್ರ್ಯದ ನಂತರ 1952ರಲ್ಲಿ ನಮ್ಮ ಸಂಸತ್ತು ಇನ್‌ಫ್ಲ್ಯಾಮಬಲ್ ಸಬ್‌ಸ್ಟೆನ್ಸಸ್ ಆಕ್ಟ್ ಎಂಬ ಪುಟ್ಟ ಕಾಯಿದೆ ಮಾಡಿತು. ಅಪಾಯಕಾರಿಯಾಗಿ ಬೆಂಕಿ ಹತ್ತಿಕೊಳ್ಳುವ ವಸ್ತುಗಳೆಂದು ಅದು ಪಟ್ಟಿಮಾಡಿದ್ದರಲ್ಲಿ ಅಸಿಟೋನ್, ಕ್ಯಾಲ್ಸಿಯಂ ಕಾರ್ಬೈಡ್, ಮದ್ಯಸಾರಗಳ ಜೊತೆಗೆ ನೈಟ್ರೋಸೆಲ್ಯುಲೋಸಿನ ಸಿನಿಮಾ ಫಿಲ್ಮೂ ಇದೆ. ಅದರ ಮರುವರ್ಷವೇ, 1953ರಲ್ಲಿ, ಅಮೆರಿಕ ಬಟ್ಟೆಗಳ ಸುರಕ್ಷತೆಗೆ ಕಾಯಿದೆ ಮಾಡಿತು. ಕಿಡಿ ತಗುಲಿದ ಕೂಡಲೇ ಪಂಜಿನಂತೆ ಭುಗಿಲೇಳುತ್ತಿದ್ದ ರೇಯಾನ್ ಸ್ವೆಟರುಗಳು ಅದಕ್ಕೆ ಕಾರಣವಾಗಿದ್ದವು. ಆ ಕಾಯಿದೆಯ ಹೆಸರಿನಲ್ಲಿರುವುದು ಫ್ಲ್ಯಾಮಬಲ್. ಒಂದು ವರ್ಷದ ಅಂತರದಲ್ಲಿ ಒಂದೇ ಅರ್ಥಕ್ಕೆ ದೆಹಲಿ ಹಳೆಯ ಪದವನ್ನು ಬಳಸಿತು, ವಾಷಿಂಗ್ಟನ್ ಹೊಸದನ್ನು.

ಪದ ಬಿಟ್ಟು ಅಂಕಿ ಹಿಡಿದ ಕಾನೂನು

ಕಾನೂನು ಗುಣವಾಚಕವನ್ನು ಬಹಳ ಹೊತ್ತು ನಂಬಿ ಕೂರಲಾರದು. ಸುಲಭವಾಗಿ ಹತ್ತಿಕೊಳ್ಳುವಂಥದ್ದು ಎಂದರೆ ಎಷ್ಟು ಸುಲಭವಾಗಿ? ಅದಕ್ಕೇ ಫ್ಲ್ಯಾಶ್ ಪಾಯಿಂಟ್ ಎಂಬ ಅಳತೆ ಬಂತು. ನಿಜ ಹೇಳಬೇಕೆಂದರೆ ಪೆಟ್ರೋಲ್ ಎಂಬ ದ್ರವ ಉರಿಯುವುದಿಲ್ಲ. ಅದರಿಂದೇಳುವ ಆವಿ ಗಾಳಿಯೊಂದಿಗೆ ಬೆರೆತು ಉರಿಯುತ್ತದೆ. ಕಿಡಿ ತೋರಿಸಿದಾಗ ಒಮ್ಮೆ ಮಿಂಚಿ ಹೊತ್ತುವಷ್ಟು ಆವಿ ಯಾವ ಕನಿಷ್ಠ ಉಷ್ಣಾಂಶದಲ್ಲಿ ಏಳುತ್ತದೋ ಅದು ಫ್ಲ್ಯಾಶ್ ಪಾಯಿಂಟ್. ನಮ್ಮ ಪೆಟ್ರೋಲಿಯಂ ಕಾನೂನಿನ ಪ್ರಕಾರ ಅದು 23 ಡಿಗ್ರಿ ಸೆಲ್ಸಿಯಸ್‌ಗಿಂತ ಕೆಳಗಿದ್ದರೆ ಎ ವರ್ಗ. 23ರಿಂದ 65ರೊಳಗೆ ಬಿ ವರ್ಗ. 65ರಿಂದ 93ರೊಳಗೆ ಸಿ ವರ್ಗ. ಪೆಟ್ರೋಲಿನದು ಸೊನ್ನೆಗಿಂತ ಸುಮಾರು 40 ಡಿಗ್ರಿ ಕೆಳಗೆ. ಅಂದರೆ ಸಿಯಾಚಿನ್ ಚಳಿಯಲ್ಲೂ ಅದು ಕಿಡಿಗಾಗಿ ಕಾದಿರುತ್ತದೆ. ಸೀಮೆಎಣ್ಣೆ ಬಿ ವರ್ಗದ್ದು. ಬತ್ತಿಯಿಲ್ಲದೆ ತಟ್ಟೆಯಲ್ಲಿ ಸುರಿದು ಕಡ್ಡಿ ಗೀರಿದರೆ ಅದು ಕೂಡಲೇ ಹೊತ್ತದಿರುವುದು ಇದೇ ಕಾರಣಕ್ಕೆ.

ಇಲ್ಲಿ ಕಂಬಸ್ಟಿಬಲ್ ಎಂಬ ಮೂರನೆಯ ಪದವನ್ನೂ ಬೇರ್ಪಡಿಸಿಕೊಳ್ಳಬೇಕು. ಮರ, ಕಲ್ಲಿದ್ದಲು, ಸಗಣಿಬೆರಣಿ ಎಲ್ಲ ಕಂಬಸ್ಟಿಬಲ್. ಅವು ಉರಿಯುತ್ತವೆ, ಆದರೆ ಹೊತ್ತಿಸಲು ಊದಬೇಕು, ಕಾಯಬೇಕು. ಪೆಟ್ರೋಲ್ ಫ್ಲ್ಯಾಮಬಲ್, ಅದು ಹೊತ್ತಲು ನೆಪ ಹುಡುಕುತ್ತಿರುತ್ತದೆ. ಅಮೆರಿಕದ ಹಳೆಯ ನಿಯಮಾವಳಿಗಳು ಈ ಗೆರೆಯನ್ನು 37.8 ಡಿಗ್ರಿಯಲ್ಲಿ, ಅಂದರೆ ನೂರು ಫ್ಯಾರನ್‌ಹೀಟಿನಲ್ಲಿ ಎಳೆದಿದ್ದವು. ಕನ್ನಡದಲ್ಲಿ ಈ ಭೇದ ಹೇಳಲು ಎರಡು ಸೊಗಸಾದ ಕ್ರಿಯಾಪದಗಳೇ ಇವೆ: ಹೊತ್ತುವುದು ಮತ್ತು ಉರಿಯುವುದು.

ತಿದ್ದಬೇಕಾದದ್ದು ಯಾರನ್ನು?

1959ರಲ್ಲಿ ಬ್ರಿಟಿಷ್ ಮಾನಕ ಸಂಸ್ಥೆಯೂ ಸಂದಿಗ್ಧ ತಪ್ಪಿಸಲೆಂದು ಫ್ಲ್ಯಾಮಬಲ್, ನಾನ್‌ಫ್ಲ್ಯಾಮಬಲ್ ಜೋಡಿಯನ್ನೇ ಪ್ರೋತ್ಸಾಹಿಸುವುದಾಗಿ ಹೇಳಿತು. ವಿಶ್ವಸಂಸ್ಥೆಯ ಸಾಗಣೆ ನಿಯಮಗಳಲ್ಲಿ ಮೂರನೆಯ ವರ್ಗ ಫ್ಲ್ಯಾಮಬಲ್ ದ್ರವಗಳದ್ದು. ರಾಸಾಯನಿಕಗಳ ಲೇಬಲ್ಲುಗಳಿಗಾಗಿ ವಿಶ್ವಸಂಸ್ಥೆ 2003ರಲ್ಲಿ ಹೊರತಂದ ಏಕರೂಪ ಪದ್ಧತಿಯ ಇಂಗ್ಲಿಷ್ ಪಠ್ಯವೂ ಇದೇ ಪದವನ್ನು ಬಳಸುತ್ತದೆ.

ಎಲ್ಲರೂ ಒಪ್ಪಿದರೆಂದಲ್ಲ. ಇಂಗ್ಲಿಷ್ ಗದ್ಯದ ಪಾಠಪುಸ್ತಕವೆಂಬಂತೆ ಜಗತ್ತೆಲ್ಲ ಓದುವ ಸ್ಟ್ರಂಕ್ ಮತ್ತು ವೈಟ್ ಅವರ ಕೈಪಿಡಿ ಫ್ಲ್ಯಾಮಬಲ್ ಎಂಬುದನ್ನು ವಿಚಿತ್ರ ಪದವೆಂದೇ ಕಾಣುತ್ತದೆ. ಅದರ ಮುಖ್ಯ ಪ್ರಯೋಜನ ಜೀವ ಉಳಿಸುವುದು ಎಂದು ಒಪ್ಪಿಕೊಂಡೂ, ಪೆಟ್ರೋಲ್ ಲಾರಿ ಓಡಿಸುತ್ತ ಮಕ್ಕಳ ಮತ್ತು ನಿರಕ್ಷರಿಗಳ ಕ್ಷೇಮದ ಚಿಂತೆ ಮಾಡಬೇಕಾದವರು ನೀವಲ್ಲವಾದರೆ ಹಳೆಯ ಪದವನ್ನೇ ಬಳಸಿ ಎಂಬ ಅರ್ಥದ ಸಲಹೆ ಕೊಡುತ್ತದೆ. ಮಾತಿನಲ್ಲಿ ಚುರುಕಿದೆ, ನಗುವೂ ಬರುತ್ತದೆ. ಆದರೆ ಆ ಮಾತಿನ ಹಿಂದಿನ ಗ್ರಹಿಕೆಯನ್ನು ನಾನು ಒಪ್ಪಲಾರೆ. ಪದವನ್ನು ತಪ್ಪಾಗಿ ಓದುವವನು ನಿರಕ್ಷರಿಯಲ್ಲ. ನಿರಕ್ಷರಿಗೆ ಎರಡು ಪದವೂ ಒಂದೇ. ಅವನು ಎರಡನ್ನೂ ಓದಲಾರ. ತಪ್ಪುವವನು ಅಕ್ಷರ ಕಲಿತವನು, ಉಪಸರ್ಗದ ನಿಯಮ ಬಲ್ಲವನು, ಎರಡನೆಯ ಅಥವಾ ಮೂರನೆಯ ಭಾಷೆಯಾಗಿ ಇಂಗ್ಲಿಷನ್ನು ಶ್ರದ್ಧೆಯಿಂದ ಕಲಿತವನು. ಅಂದರೆ ಈ ಸಭೆಯಲ್ಲಿರುವ ನಾವು ನೀವು. ಭಾರತದಲ್ಲಿ ಇಂಗ್ಲಿಷ್ ಓದುವವರ ಬಹುಪಾಲು ಇಂಥವರೇ.

ನನ್ನ ಮಾತಿನ ಸಾರ ಇದು. ಪದವನ್ನು ತಪ್ಪು ತಿಳಿದಾಗ ನಷ್ಟ ಯಾರಿಗೆ ಎಂಬುದರ ಮೇಲೆ ತಿದ್ದುಪಡಿಯ ಹೊಣೆ ಯಾರದೆಂದು ನಿರ್ಧಾರವಾಗಬೇಕು. ಪ್ರಬಂಧದಲ್ಲೋ ಕಾದಂಬರಿಯಲ್ಲೋ ಓದುಗ ನಿಧಾನಿಸಬಹುದು, ನಿಘಂಟು ತೆರೆಯಬಹುದು, ತಪ್ಪಿದರೂ ಮುಂದಿನ ವಾಕ್ಯ ಅವನನ್ನು ಸರಿದಾರಿಗೆ ತರುತ್ತದೆ. ಅಲ್ಲಿ ಬರೆಯುವವನು ಓದುಗನಿಂದ ಸ್ವಲ್ಪ ಶ್ರಮ ಕೇಳಿದರೆ ತಪ್ಪಿಲ್ಲ. ಎಚ್ಚರಿಕೆಯ ಬರಹಕ್ಕೆ ಮುಂದಿನ ವಾಕ್ಯವೇ ಇಲ್ಲ. ಮಂಗಳೂರಿನ ರಿಫೈನರಿಯಿಂದ ಹೊರಟ ಟ್ಯಾಂಕರು ಶಿರಾಡಿ ಘಾಟಿಯ ತಿರುವಿನಲ್ಲಿ ಮಗುಚಿದರೆ ಅದರ ಬೆನ್ನ ಮೇಲಿನ ಪದವನ್ನು ಜನ ಓದುವುದು ಒಂದೆರಡು ಸೆಕೆಂಡಿನಲ್ಲಿ, ಅದೂ ಕೈಯಲ್ಲಿ ಕ್ಯಾನ್ ಹಿಡಿದು ಓಡುತ್ತ. ಆ ಹೊತ್ತಿನಲ್ಲಿ ಲ್ಯಾಟಿನ್ ವ್ಯುತ್ಪತ್ತಿ ಸರಿಯಾಗಿದ್ದು ಯಾರಿಗೂ ಉಪಕಾರವಿಲ್ಲ. ಎರಡು ಸೆಕೆಂಡಿನಲ್ಲಿ ತಪ್ಪಾಗಿ ಓದಲು ಆಸ್ಪದ ಕೊಡುವ ಪದ ನಿಘಂಟಿನಲ್ಲಿ ಎಷ್ಟೇ ಶುದ್ಧವಾಗಿದ್ದರೂ ಆ ಜಾಗಕ್ಕೆ ಅಶುದ್ಧವೇ.

ಟ್ಯಾಂಕರಿನ ಮೇಲೆ ಪದದ ಜೊತೆಗೆ ಜ್ವಾಲೆಯ ಚಿತ್ರವಿರುವ ಕೆಂಪು ವಜ್ರಾಕೃತಿ, ಕೆಳಮೂಲೆಯಲ್ಲಿ 3 ಎಂಬ ಅಂಕಿ, ಪಕ್ಕದ ಫಲಕದಲ್ಲಿ ಪೆಟ್ರೋಲಾದರೆ 1203 ಎಂಬ ವಿಶ್ವಸಂಸ್ಥೆಯ ಸಂಖ್ಯೆ ಇರುವುದನ್ನು ಗಮನಿಸಿ. ಚಿತ್ರ ಯಾರಿಗೂ ತಿಳಿಯುತ್ತದೆ; ಸಂಖ್ಯೆ ಅಗ್ನಿಶಾಮಕ ದಳದವರಿಗೆ ಬೇಕಾದದ್ದನ್ನು ತಿಳಿಸುತ್ತದೆ. ಪದದ ಮೇಲಿನ ಭಾರವನ್ನು ಇವೆರಡೂ ಹಂಚಿಕೊಂಡಿವೆ.

ಬಳಕೆಯ ಮಾತು

ವಿದ್ಯಾರ್ಥಿಗಳಿಗಾಗಿ ಬಳಕೆಯನ್ನು ಚುಟುಕಾಗಿ ಹೇಳಿಬಿಡುತ್ತೇನೆ. ವಸ್ತುವಿನ ಬಗ್ಗೆ, ಅದರಲ್ಲೂ ಲೇಬಲ್ಲು, ಫಲಕ, ಪ್ರಯೋಗಾಲಯದ ವರದಿ ಬರೆಯುವಾಗ ಫ್ಲ್ಯಾಮಬಲ್ ಎಂದೇ ಬರೆಯಿರಿ. ಅದರ ನಿಷೇಧ ನಾನ್‌ಫ್ಲ್ಯಾಮಬಲ್. ನಾನ್ ಎಂಬುದನ್ನು ಇನ್‌ಫ್ಲ್ಯಾಮಬಲ್ ಪದದ ಮುಂದೆ ಅಂಟಿಸಲೇಬೇಡಿ. ಇನ್ ಎಂದರೆ ನಿಷೇಧವೆಂದು ತಿಳಿದವನಿಗೆ ಅದು ಹತ್ತದ್ದು ಅಲ್ಲದ್ದು, ಅಂದರೆ ಹತ್ತುವಂಥದ್ದು ಎಂದಾಗಿ ಗೊಂದಲ ಇಮ್ಮಡಿಸುತ್ತದೆ. ಹಳೆಯ ಕಾಯಿದೆಗಳ ಹೆಸರು ಹೇಳುವಾಗ ಅಲ್ಲಿರುವಂತೆಯೇ ಇನ್‌ಫ್ಲ್ಯಾಮಬಲ್ ಎನ್ನಬೇಕು.

ಮನುಷ್ಯರ ಸ್ವಭಾವಕ್ಕೆ, ಊರಿನ ಪರಿಸ್ಥಿತಿಗೆ ರೂಪಕವಾಗಿ ಹೇಳುವಾಗ ಹಳೆಯ ಪದಕ್ಕೆ ಇನ್ನೂ ಜಾಗವಿದೆ. ಸಿಡುಕನ ಸ್ವಭಾವ ಇನ್‌ಫ್ಲ್ಯಾಮಬಲ್. ಅದನ್ನು ಫ್ಲ್ಯಾಮಬಲ್ ಎಂದರೆ ಆಸಾಮಿಯ ಮೇಲೆ ಸೀಮೆಎಣ್ಣೆ ಸುರಿದಂತೆ ಕೇಳುತ್ತದೆ. ಇದರ ಜೊತೆಗೆ ಇನ್‌ಫ್ಲ್ಯಾಮೇಟರಿ ಎಂಬ ಸೋದರನನ್ನು ಬೆರೆಸಬೇಡಿ. ಇನ್‌ಫ್ಲ್ಯಾಮೇಟರಿ ಎಂಬುದು ಹೊತ್ತಿಸುವವನ ಗುಣ, ಇನ್‌ಫ್ಲ್ಯಾಮಬಲ್ ಎಂಬುದು ಹೊತ್ತಿಕೊಳ್ಳುವುದರ ಗುಣ. ಪುಢಾರಿಯ ಭಾಷಣ ಇನ್‌ಫ್ಲ್ಯಾಮೇಟರಿ, ಅದನ್ನು ಕೇಳಿ ಕುದಿಯುವ ಊರಿನ ಪರಿಸ್ಥಿತಿ ಇನ್‌ಫ್ಲ್ಯಾಮಬಲ್. ವೈದ್ಯರ ಬಾಯಲ್ಲಿ ಇದೇ ಮನೆತನದ ಇನ್‌ಫ್ಲ್ಯಾಮೇಷನ್ ಎಂಬ ಪದಕ್ಕೆ ಕನ್ನಡ ಕೊಟ್ಟಿರುವ ಉರಿಯೂತ ಎಂಬುದು ಮೂಲಕ್ಕಿಂತ ಒಂದು ಕೈ ಮೇಲು. ಉರಿ, ಊತ ಎಂಬ ಎರಡು ಲಕ್ಷಣಗಳನ್ನೂ ಅದು ಹೇಳಿಬಿಡುತ್ತದೆ.

ಕನ್ನಡದ ಎಚ್ಚರಿಕೆ

ಕೊನೆಗೆ ನಮ್ಮ ಭಾಷೆಯ ಮಾತು. ವಿಜ್ಞಾನದ ಕನ್ನಡದಲ್ಲಿ ದಹನಶೀಲ, ದಾಹ್ಯ ಎಂಬ ಪದಗಳಿವೆ. ಪಠ್ಯಪುಸ್ತಕದಲ್ಲಿ ಅವು ಇರಲಿ. ಆದರೆ ದಾಹ್ಯ ಮತ್ತು ಅದಾಹ್ಯ ಎಂಬ ಜೋಡಿಯನ್ನು ಗೋದಾಮಿನ ಬಾಗಿಲ ಮೇಲೆ ಬರೆಸಿದರೆ ಇಂಗ್ಲಿಷಿನವರು ನೂರು ವರ್ಷ ಪಟ್ಟ ಪಾಡನ್ನು ನಾವು ಹೊಸದಾಗಿ ಪಡಬೇಕಾಗುತ್ತದೆ. ಮಳೆಬಿಸಿಲಿಗೆ ಒಂದು ಅಕ್ಷರದ ಬಣ್ಣ ಉದುರಿದರೂ ಅರ್ಥ ತಲೆಕೆಳಗಾಗುತ್ತದೆ. ಅಚ್ಚಗನ್ನಡ ಬಳಸಿದ ಮಾತ್ರಕ್ಕೆ ತೊಂದರೆ ತಪ್ಪಿತೆಂದೂ ತಿಳಿಯಬಾರದು. ಕನ್ನಡದಲ್ಲಿ ನಿಷೇಧ ಪದದ ಬಾಲದಲ್ಲಿರುತ್ತದೆ: ಹೊತ್ತುವ, ಹೊತ್ತದ. ಓಡುತ್ತ ಓದುವವನ ಕಣ್ಣು ಬಾಲವನ್ನು ಬಿಟ್ಟು ಮುಂದಕ್ಕೆ ಹೋಗಬಹುದು.

ದಾರಿ ಬೇರೆ ಕಡೆ ಇದೆ. ಬ್ರಿಟನ್ನಿನಲ್ಲಿ ರಾತ್ರಿ ಉಡುಪುಗಳ ಮೇಲೆ ಹಚ್ಚಬೇಕಾದ ಎಚ್ಚರಿಕೆಯ ಪಟ್ಟಿಗೆ 1985ರ ನಿಯಮಗಳು ಗೊತ್ತುಮಾಡಿದ ಮಾತಿನಲ್ಲಿ ಗುಣವಾಚಕವೇ ಇಲ್ಲ. ಬೆಂಕಿಯಿಂದ ದೂರವಿಡಿ ಎಂಬ ಅಪ್ಪಣೆಯಷ್ಟೇ ಇದೆ. ವಸ್ತು ಎಂಥದ್ದು ಎಂದು ಹೇಳುವ ಬದಲು ಓದಿದವನು ಏನು ಮಾಡಬೇಕು ಎಂದು ಹೇಳುವುದು ಎಚ್ಚರಿಕೆಯ ನಿಜವಾದ ವ್ಯಾಕರಣ. ಕನ್ನಡ ಇದಕ್ಕೆ ಹೇಳಿ ಮಾಡಿಸಿದ ಭಾಷೆ, ಯಾಕೆಂದರೆ ನಮ್ಮ ವಾಕ್ಯದ ಭಾರವೆಲ್ಲ ಕ್ರಿಯಾಪದದ ಮೇಲೆ ಬೀಳುತ್ತದೆ. ಪೆಟ್ರೋಲ್ ಇದೆ, ಕಿಡಿ ತಾಗಿದರೆ ಹೊತ್ತುತ್ತದೆ, ದೂರ ನಿಲ್ಲಿ. ಇಷ್ಟು ಬರೆಯಲು ಯಾವ ಪರಿಭಾಷಾ ಸಮಿತಿಯೂ ಬೇಕಿಲ್ಲ.

ನಮ್ಮ ಕಚೇರಿಗಳು, ಕಾರ್ಖಾನೆಗಳು, ಆಸ್ಪತ್ರೆಗಳು ಗೋಡೆಗೆ ಹಚ್ಚುವ ಕನ್ನಡ ಎಚ್ಚರಿಕೆಗಳನ್ನು ಭಾಷಾ ವಿಭಾಗದ ವಿದ್ಯಾರ್ಥಿಗಳು ಒಮ್ಮೆ ಸಂಗ್ರಹಿಸಿ ನೋಡಬೇಕೆಂದು ನನ್ನ ಕೋರಿಕೆ. ಒಂದೊಂದನ್ನೂ ಆ ಜಾಗದಲ್ಲಿ ದಿನವೂ ಓಡಾಡುವ ಒಬ್ಬರಿಗೆ ತೋರಿಸಿ, ಇದನ್ನು ಓದಿ ನೀವೇನು ಮಾಡುತ್ತೀರಿ ಎಂದು ಕೇಳಿ. ಅರ್ಥವೇನೆಂದು ಕೇಳಬೇಡಿ, ಏನು ಮಾಡುತ್ತೀರಿ ಎಂದೇ ಕೇಳಿ. ಉತ್ತರ ತಪ್ಪಾದರೆ ಅವರಿಗೆ ಪಾಠ ಹೇಳಲು ಹೋಗದೆ ಫಲಕವನ್ನು ಬದಲಿಸಲು ಅರ್ಜಿ ಬರೆಯಿರಿ. ಭಾಷಾಬಳಕೆಯ ಹೆಸರಿನ ಈ ದತ್ತಿಗೆ ಅದಕ್ಕಿಂತ ಒಳ್ಳೆಯ ಸಲ್ಲಿಕೆ ನನಗೆ ತೋಚುತ್ತಿಲ್ಲ.